ಹಿಟ್ಟಿನ ಗಾಡಿಯ ಫ್ಯೂಸ್ ಡಬ್ಬಿ

ದಿಲ್ಲಿ ಅಂಚಿನ ಇಂದಿರಾಪುರಂನ ಅರ್ಧಕ್ಕರ್ಧ ಟವರುಗಳು ಇನ್ನೂ ಬಣ್ಣ ಕಾಣದೆ ಬರಿ ಸಿಮೆಂಟಿನ ಮೈಯಲ್ಲೇ ನಿಂತಿದ್ದ ಕಾಲ ಅದು. ಇಡ್ಲಿ ಹಿಟ್ಟು ಪ್ಯಾಕೆಟ್ಟಿನಲ್ಲಿ ಅಂಗಡಿಗೆ ಬರುವುದು ನಮ್ಮ ಕಡೆ ಶುರುವಾಗಿರಲಿಲ್ಲ. ದಿಲ್ಲಿಯ ಕನ್ನಡದವರು, ತಮಿಳರು, ತೆಲುಗರು ಎಲ್ಲ ನಮ್ಮಮ್ಮನ ಹಿಟ್ಟಿಗೆ ಕಾಯುತ್ತಿದ್ದರು. ಅಮ್ಮ ಸ್ಟೀಲಿನ ಕ್ಯಾನುಗಳಲ್ಲಿ ಹಿಟ್ಟು ತುಂಬಿ, ಒಂದು ಪುಟ್ಟ ಬಿಳಿ ಟೆಂಪೊದಲ್ಲಿ ಇಟ್ಟುಕೊಂಡು, ತಾನೇ ಓಡಿಸಿಕೊಂಡು ಹೋಗುತ್ತಿದ್ದಳು. ಸೀರೆಯ ಸೆರಗನ್ನು ಸೊಂಟಕ್ಕೆ ಸಿಕ್ಕಿಸಿ ಅವಳು ಸ್ಟೀರಿಂಗ್ ಹಿಡಿದರೆ ಸಿಗ್ನಲ್ಲಿನಲ್ಲಿ ಪಕ್ಕದ ಗಾಡಿಯವರು ಎರಡೆರಡು ಸಲ ತಿರುಗಿ ನೋಡುತ್ತಿದ್ದರು. ನೋಡಲಿ ಬಿಡು ಅಂತ ನಾನು ಇನ್ನಷ್ಟು ನೆಟ್ಟಗೆ ಕೂರುತ್ತಿದ್ದೆ.

ಆಗ ನನಗೆ ಹನ್ನೊಂದು ವರ್ಷ. ನಾವು ಸೋಮವಾರಪೇಟೆ ಕಡೆಯವರು. ಅಪ್ಪ ಸೈನ್ಯದಲ್ಲಿ ಸುಬೇದಾರ್, ಎಲ್ಲೋ ಗಡಿಯ ಹತ್ತಿರ. ಮನೆಯಲ್ಲಿ ನಾನು, ಅಮ್ಮ, ಮೂರನೆಯದು ಈ ಗಾಡಿ. ನಮ್ಮ ಕೈಗೆ ಬರುವ ಮೊದಲೇ ಅದು ಇನ್ನೊಬ್ಬರ ಹತ್ತಿರ ಮೈಮುರಿದು ದುಡಿದಿತ್ತು. ಆಗಾಗ ರಸ್ತೆಯಲ್ಲಿ ನಿಲ್ಲುತ್ತಿತ್ತು. ನಿಂತಾಗಲೆಲ್ಲ ಅಮ್ಮ ಅಪ್ಪನಿಗೆ ಫೋನಿನಲ್ಲಿ ಹೇಳಿಬಿಡುತ್ತಿದ್ದಳು, ಅವಳ ಹೊಟ್ಟೆಯಲ್ಲಿ ಮಾತು ನಿಲ್ಲದು. ಅಪ್ಪ ಅಲ್ಲಿ ಕೂತು ಒದ್ದಾಡುತ್ತಿದ್ದರು.

"ಇನ್ನೊಂದು ಸಲ ದಾರೀಲಿ ನಿಂತರೆ ಮಾರಿಬಿಡ್ತೀನಿ ನೋಡು ಸುಮಾ. ನೀನು, ಮಗು ಹೈವೇ ಮೇಲೆ ನಿಂತಿದ್ದೀರಿ ಅಂದರೆ ನನಗಿಲ್ಲಿ ಅನ್ನ ಇಳಿಯಲ್ಲ."

ಮಾರಿದರೆ ಅಮ್ಮ ಮತ್ತೆ ಮನೆಯೊಳಗೆ ಕೂರಬೇಕು. ಗಾಡಿ ಬರುವ ಮೊದಲು ಅವಳು ಹೇಗಿದ್ದಳು ಅಂತ ನನಗೆ ನೆನಪಿತ್ತು. ಹಿಂದಿ ಸರಿಯಾಗಿ ಬಾರದೆ, ತರಕಾರಿ ಭಯ್ಯಾನ ಹತ್ತಿರ ಮಾತಾಡಲೂ ನನ್ನನ್ನೇ ಮುಂದೆ ಮಾಡುತ್ತಿದ್ದಳು. ಗಾಡಿ ಬಂದ ಮೇಲೆ ಅದೇ ಅಮ್ಮ ಟ್ರಾಫಿಕ್ ಪೊಲೀಸನ ಜೊತೆ ವಾದ ಮಾಡಿ ಗೆದ್ದು ಬರುತ್ತಿದ್ದಳು. ಅದು ಹೋಗಬಾರದು ಅಂತ ನನಗೆ ಹಟ.

ಇಷ್ಟರಲ್ಲಿ ಆಯುಧಪೂಜೆ ಬಂತು. ರಸ್ತೆಯ ಉದ್ದಕ್ಕೂ ಹಾಲೆ ಮರಗಳು ಹೂ ಬಿಟ್ಟು, ಸಂಜೆಯಾದರೆ ತಲೆ ಸುತ್ತುವಷ್ಟು ವಾಸನೆ. ದಿಲ್ಲಿಯಲ್ಲಿ ದಸರಾ ಅಂದರೆ ನನಗೆ ಇವತ್ತಿಗೂ ಆ ವಾಸನೆಯೇ. ಆಯುಧಪೂಜೆಗೆ ಅಮ್ಮನ ಕೈಗೆ ಸಿಕ್ಕಿ ಹೊಳೆಯದೆ ಉಳಿದ ವಸ್ತುವಿಲ್ಲ. ಗ್ರೈಂಡರ್, ಕತ್ತರಿ, ಈಳಿಗೆ ಮಣೆ, ನನ್ನ ಕಂಪಾಸ್ ಪೆಟ್ಟಿಗೆ ಎಲ್ಲ ಮುಗಿಸಿ, ಪಾತ್ರೆ ಉಜ್ಜುವ ನಾರು ಹಿಡಿದು ಗಾಡಿಯೊಳಗೆ ನುಗ್ಗಿದಳು. ಸ್ಟೀರಿಂಗಿನ ಕೆಳಗೆ, ಮೊಣಕಾಲು ತಗಲುವ ಜಾಗದಲ್ಲಿ, ಒಂದು ಕಪ್ಪು ಡಬ್ಬಿ. ಅದರ ಮುಚ್ಚಳ ತೆಗೆದು, ಒಳಮೈಗೆ ಅಂಟಿದ್ದ ಹಳೆಯ ಚೀಟಿಯನ್ನು ಸೋಪು ಹಾಕಿ ತಿಕ್ಕಿ ತಿಕ್ಕಿ ಬಿಡಿಸಿ, ಒಣಗಿಸಿ, ಮೂರು ವಿಭೂತಿ ಗೆರೆ ಎಳೆದು ನಡುವೆ ಕುಂಕುಮ ಇಟ್ಟು ಮತ್ತೆ ಮುಚ್ಚಿದಳು.

ವಾರ ಕಳೆಯುವುದರೊಳಗೆ ಬಲಗಡೆಯ ಇಂಡಿಕೇಟರ್ ನಿಂತಿತು. ಗ್ಯಾರೇಜಿನ ಮುದುಕ ಉಸ್ತಾದ್ ಬಗ್ಗಿ ಮುಚ್ಚಳ ತೆಗೆದು ನೋಡಿ ದಂಗಾದ.

"ದೀದಿ, ನಕ್ಷಾ ಕಹಾಂ ಗಯಾ?"

"ಧೋ ದಿಯಾ," ತೊಳೆದುಬಿಟ್ಟೆ, ಅಂದಳು ಅಮ್ಮ, ಹೆಮ್ಮೆಯಿಂದ.

ಆ ಚೀಟಿಯೇ ನಕ್ಷೆ. ಡಬ್ಬಿಯೊಳಗೆ ಸಾಲಾಗಿ ಕೂತ ಕೆಂಪು, ನೀಲಿ, ಹಳದಿ ಫ್ಯೂಸುಗಳಲ್ಲಿ ಯಾವುದು ಯಾವುದಕ್ಕೆ ಅಂತ ಅದರಲ್ಲಿ ಬರೆದಿತ್ತು. ಉಸ್ತಾದ್ ಹಣೆ ಹಣೆ ಚಚ್ಚಿಕೊಂಡು ನಕ್ಕ. ಆಮೇಲೆ, ಯಾಕೋ ಏನೋ, ಅಮ್ಮನನ್ನು ಬಿಟ್ಟು ನನ್ನನ್ನು ಕರೆದ. ಮೊದಲು ಕೀ ತೆಗಿ ಅಂದ. ಫ್ಯೂಸನ್ನು ಅಲ್ಲಾಡಿಸದೆ ನೆಟ್ಟಗೆ ಎಳಿ. ಬೆಳಕಿಗೆ ಹಿಡಿದು ನೋಡು, ಒಳಗಿನ ಸಣ್ಣ ತಂತಿ ತುಂಡಾಗಿದ್ದರೆ ಅದು ಹೋಗಿದೆ. ಅದೇ ಬಣ್ಣದ್ದನ್ನೇ ಹಾಕಬೇಕು, ದೊಡ್ಡದು ಹಾಕಿದರೆ ಫ್ಯೂಸ್ ಉಳಿದು ವೈರು ಸುಡುತ್ತೆ. ಎಲ್ಲಕ್ಕಿಂತ ಮುಖ್ಯ, ಅದು ಯಾಕೆ ಹೋಯ್ತು ಅಂತ ಹುಡುಕದೆ ಹೊಸದು ಹಾಕಬೇಡ. ಕಳೆದುಹೋದ ನಕ್ಷೆಗೂ ದಾರಿ ಹೇಳಿದ: "ಒಂದೊಂದೇ ಕೀಳು. ಯಾವುದು ನಿಲ್ಲುತ್ತೋ ಅದರ ಹೆಸರು ಬರಕೋ."

ಆ ಭಾನುವಾರ ಸೊಸೈಟಿಯ ಪಾರ್ಕಿಂಗಿನಲ್ಲಿ ನಾವಿಬ್ಬರೂ ಆಡಿದ್ದು ಎಂಥ ಆಟ ಅಂತೀರಿ. ನಾನು ತಲೆಕೆಳಗಾಗಿ ಪೆಡಲುಗಳ ಹತ್ತಿರ. ಮೂಗಿಗೆ ರಬ್ಬರ್ ಮ್ಯಾಟು, ಹಳೆಯ ಹುಳಿ ಹಿಟ್ಟು, ಊದಿನಕಡ್ಡಿ ಎಲ್ಲ ಒಟ್ಟಿಗೆ. ಕೈಯಲ್ಲಿ ಬಟ್ಟೆ ಒಣಹಾಕುವ ಪ್ಲಾಸ್ಟಿಕ್ ಕ್ಲಿಪ್ಪು, ಫ್ಯೂಸ್ ಕೀಳಲು ಅದಕ್ಕಿಂತ ಒಳ್ಳೆಯದು ನನಗೆ ಸಿಗಲಿಲ್ಲ. ಅಮ್ಮ ಕೀ ತೆಗೆಯುವುದು, ನಾನು ಒಂದನ್ನು ಕೀಳುವುದು, ಅವಳು ಮತ್ತೆ ಕೀ ಹಾಕಿ ಒಂದೊಂದೇ ಒತ್ತಿ ನೋಡಿ ಕೂಗುವುದು.

"ಹಾರನ್ ಹೋಯ್ತು ಪುಟ್ಟಿ."

"ಅಚ್ಛಾ, ಹಾರನ್. ಎಚ್ ಓ ಆರ್..."

"ಇಂಗ್ಲಿಷ್ ಬೇಡ. ಕನ್ನಡದಲ್ಲಿ ಬರಿ. ದಾರೀಲಿ ಓದೋಳು ನಾನು."

ನನಗೆ ಕನ್ನಡ ಅಕ್ಷರ ಅಷ್ಟಕ್ಕಷ್ಟೇ. ಪದಗಳೂ ಅಡುಗೆಮನೆಯವು. ಆ ತೊಳೆದ ಮುಚ್ಚಳದ ಮೇಲೆ ಮಾರ್ಕರಿನಿಂದ ನನಗೆ ತೋಚಿದ ಹೆಸರು ಬರೆದೆ. ಹಾರನ್ನಿಗೆ "ಕೂಗೋದು". ವೈಪರಿಗೆ "ಒರೆಸೋದು". ಹೆಡ್‌ಲೈಟಿಗೆ "ಕಣ್ಣು". ಒಂದು ನೀಲಿ ಫ್ಯೂಸ್ ಕಿತ್ತಾಗ ಇಡೀ ಗಾಡಿಯೇ ಏಳಲಿಲ್ಲ. ನಮ್ಮದು ಸಿಎನ್‌ಜಿ ಗಾಡಿ, ಇಂಜಿನ್ನಿಗೆ ಗ್ಯಾಸ್ ಬಿಡುವ ವಾಲ್ವು ತೆರೆಯಲು ಕರೆಂಟು ಬೇಕಂತೆ, ಅದು ಆ ಫ್ಯೂಸಿನಿಂದಲೇ ಹೋಗುವುದಂತೆ. ಅದಕ್ಕೆ "ಉಸಿರು" ಅಂತ ಬರೆದೆ. ಅಮ್ಮ ಓದಿ ನಕ್ಕಳು, ಒಂದನ್ನೂ ತಿದ್ದಲಿಲ್ಲ.

ದೀಪಾವಳಿಗೆ ಅಪ್ಪ ರಜೆಯ ಮೇಲೆ ಬಂದರು. ಬಂದವರು ಗಾಡಿಯ ಸುತ್ತ ಮೂರು ಸುತ್ತು ಹಾಕಿ, ಸುಮ್ಮನೆ ಹೋಗಿ, ಒಬ್ಬ ಗಿರಾಕಿಯನ್ನು ಗೊತ್ತುಮಾಡಿಕೊಂಡೇ ಬಂದರು. "ಸೋಮವಾರ ನೋಡೋಕೆ ಬರ್ತಾನೆ. ಭಾನುವಾರ ನಾನೂ ನಿಮ್ಮ ಜೊತೆ ಬರ್ತೀನಿ. ನನ್ನ ಕಣ್ಣೆದುರಿಗೆ ಒಂದು ದಿನ ನಿಲ್ಲದೆ ಓಡಿದರೆ ಮಾತಾಡೋಣ."

ಆ ಭಾನುವಾರವೇ ಲೋಧಿ ಕಾಲೋನಿಯ ಕನ್ನಡದವರ ರಾಜ್ಯೋತ್ಸವ. ಬೆಳಗಿನ ತಿಂಡಿ ನಮ್ಮದು, ಆರುನೂರು ಇಡ್ಲಿ. ಎಂಟು ಗಂಟೆಗೆ ಎಲೆ ಹಾಕುತ್ತಾರೆ.

ಇಡ್ಲಿಯ ಡಬ್ಬಗಳು, ಸಾಂಬಾರಿನ ಕ್ಯಾನು ಹಿಂದೆ. ಇಬ್ಬರು ಕೂರುವ ಮುಂದಿನ ಸೀಟಿನಲ್ಲಿ ನಾವು ಮೂವರು, ನಡುವೆ ನಾನು. ಹೊರಗೆ ನವೆಂಬರಿನ ಮಂಜೋ ಹೊಗೆಯೋ ತಿಳಿಯದ ಬೂದಿ ಬಣ್ಣ. ಗಾಡಿ ಚೆನ್ನಾಗಿಯೇ ಓಡುತ್ತಿತ್ತು. ನಾನು ಕಳ್ಳಗಣ್ಣಿನಲ್ಲಿ ಅಪ್ಪನ ಮುಖವನ್ನೇ ನೋಡುತ್ತಿದ್ದೆ. ಅಪ್ಪ ಸಣ್ಣಗೆ ನಗುತ್ತಿದ್ದರು. ನಿಜಾಮುದ್ದೀನ್ ಸೇತುವೆ ಏರುತ್ತಿದ್ದಂತೆ, "ನೋಡ್ರಪ್ಪ ಈಗ" ಅಂತ ಡ್ಯಾಶ್‌ಬೋರ್ಡಿನ ಕೆಳಗೆ ಕೈ ಹಾಕಿ ಒಂದು ಗುಂಡಿ ಒತ್ತಿದರು.

ಗಾಜಿನ ಸುತ್ತ ಹಳದಿ ಕೆಂಪು ಬಲ್ಬಿನ ಸರ ಝಗ್ ಅಂತ ಹೊತ್ತಿತು. ಲಾರಿಗಳಿಗೆ ಕಟ್ಟುವಂಥದ್ದು. ರಾಜ್ಯೋತ್ಸವಕ್ಕೆ ಅಂತ ಹಿಂದಿನ ದಿನ ನಮಗೆ ಗೊತ್ತಾಗದಂತೆ ತಾವೇ ಕಟ್ಟಿದ್ದರು. ಮಾರಬೇಕೆಂದಿದ್ದ ಗಾಡಿಗೆ ಈ ಮನುಷ್ಯ ಸಿಂಗಾರ ಮಾಡಿದ್ದರು ನೋಡಿ. ಅಮ್ಮ ಜೋರಾಗಿ ನಕ್ಕಳು. ಆ ನಗು ಮುಗಿಯುವ ಮೊದಲೇ ಬಲ್ಬುಗಳೂ ಆರಿದವು, ಇಂಜಿನ್ನೂ ನಿಂತಿತು.

ಅಮ್ಮ ಇದ್ದ ಓಟದಲ್ಲೇ ಗಾಡಿಯನ್ನು ಸೇತುವೆಯ ಅಂಚಿಗೆ ತಂದಳು. ಕೀ ತಿರುಗಿಸಿದರೆ ಇಂಜಿನ್ ಕೊರಗುತ್ತೆ, ಹಿಡಿಯಲ್ಲ. ಪಕ್ಕದಲ್ಲಿ ಬಸ್ಸುಗಳು ಬರ್ ಅಂತ ಹೋದಾಗಲೆಲ್ಲ ಗಾಡಿ ನಡುಗುತ್ತಿತ್ತು.

"ನಾನು ಹೇಳಿರಲಿಲ್ವಾ," ಅಂದರು ಅಪ್ಪ. "ಇದೇ ನನಗೆ ಭಯ."

"ನಿಮ್ಮ ಬಲ್ಬು ಹತ್ತಿದ ಮೇಲೆ ತಾನೇ ನಿಂತಿದ್ದು?" ಅಂದಳು ಅಮ್ಮ.

"ಅದಕ್ಕೂ ಇದಕ್ಕೂ ಸಂಬಂಧ ಇಲ್ಲ."

ನಾನು ಆಗಲೇ ತಲೆಕೆಳಗಾಗಿದ್ದೆ. ಕೀ ತೆಗೆಸಿ, ಮುಚ್ಚಳ ಬಿಚ್ಚಿ, ಕ್ಲಿಪ್ಪಿನಿಂದ "ಉಸಿರು" ಎಳೆದು ಆಕಾಶಕ್ಕೆ ಹಿಡಿದೆ. ಒಳಗಿನ ತಂತಿ ತುಂಡಾಗಿ, ಸುತ್ತ ಕಪ್ಪಾಗಿತ್ತು. ಮುಚ್ಚಳದಲ್ಲಿ ಹೆಚ್ಚಿನ ಫ್ಯೂಸ್ ಇಡುವ ಎರಡು ಗೂಡುಗಳಿದ್ದವು. ಎರಡೂ ಖಾಲಿ. ತರಬೇಕು ತರಬೇಕು ಅಂತ ಅಮ್ಮ ಮರೆತಿದ್ದಳು.

ಅಷ್ಟರಲ್ಲಿ ಒಬ್ಬ ಆಟೋ ಭಯ್ಯಾ ನಿಲ್ಲಿಸಿದ. ಒಳ್ಳೆಯವನೇ ಪಾಪ. ಜೇಬಿನಿಂದ ಸಿಗರೇಟಿನ ಪ್ಯಾಕು ತೆಗೆದು, ಒಳಗಿನ ಬೆಳ್ಳಿ ಕಾಗದ ಹರಿದು ಅಪ್ಪನ ಕೈಗಿಟ್ಟ. "ಪನ್ನಿ ಲಪೇಟ್ ದೋ ಸಾಬ್. ಚಲೇಗಾ." ಸುಟ್ಟ ಫ್ಯೂಸಿಗೆ ಆ ಕಾಗದ ಸುತ್ತಿ ಹಾಕಿದರೆ ಕರೆಂಟು ಹರಿಯುತ್ತೆ, ಎಲ್ಲರೂ ಹಾಗೇ ಮಾಡೋದು ಅಂತ ಹೇಳಿ ಹೋದ.

ಅಪ್ಪ ಗಡಿಯಾರ ನೋಡಿದರು. ಏಳು ಇಪ್ಪತ್ತು. "ತಗೋ ಪುಟ್ಟಿ, ಸುತ್ತಿ ಹಾಕು."

"ಹಾಕಲ್ಲ ಅಪ್ಪ."

ಅಪ್ಪನಿಗೆ ಹಾಗೆ ಯಾರೂ ಹೇಳುತ್ತಿರಲಿಲ್ಲ. ನಾನಂತೂ ಅದೇ ಮೊದಲು.

"ಏನಂದೆ?"

"ಅದನ್ನ ಹಾಕಿದರೆ ಫ್ಯೂಸ್ ಹೋಗಲ್ಲ, ವೈರು ಸುಡುತ್ತೆ. ಹಿಂದೆ ಗ್ಯಾಸ್ ಸಿಲಿಂಡರ್ ಇದೆ. ಯಾಕೆ ಹೋಯ್ತು ಅಂತ ಪೆಹಲೇ ನೋಡಬೇಕು."

"ನೋಡೋಕೆಲ್ಲ ಟೈಮ್ ಎಲ್ಲಿದೆ? ಕೊಡಿಲ್ಲಿ, ನಾನೇ ಹಾಕ್ತೀನಿ."

ಆಗ ಅಮ್ಮ ಸ್ಟೀರಿಂಗಿನ ಮೇಲೆ ಕೈಯಿಟ್ಟುಕೊಂಡೇ, ದನಿ ಏರಿಸದೆ ಹೇಳಿದಳು. "ರೀ, ಗಾಡಿ ನಂದು. ಫ್ಯೂಸು ಅವಳದು. ನೀವು ಟಾರ್ಚ್ ಹಿಡೀರಿ."

ಇಡೀ ತುಕಡಿಯನ್ನು ಒಂದು ಕೂಗಿಗೆ ನಿಲ್ಲಿಸುತ್ತಿದ್ದ ಸುಬೇದಾರರು ಟಾರ್ಚ್ ಹಿಡಿದರು.

ಆ ಬೆಳಕಿನಲ್ಲಿ ಬಲ್ಬಿನ ಸರದ ವೈರನ್ನು ಬೆರಳಿನಿಂದ ತಡವುತ್ತ ಹೋದೆ. ಅಪ್ಪ ಕೀ ಹಾಕಿದರೆ ಕರೆಂಟು ಬರುವ ಯಾವುದೋ ವೈರು ಹುಡುಕಿ, ಅದರ ಮೈ ಸುಲಿದು ಇದನ್ನು ಸೇರಿಸಿದ್ದರು. ಸೇರಿಸಿದ ಜಾಗಕ್ಕೆ ಗಾಯಕ್ಕೆ ಸುತ್ತುವ ಬಿಳಿ ಪ್ಲಾಸ್ಟರು ಸುತ್ತಿದ್ದರು. ಆ ಪ್ಲಾಸ್ಟರು ಕಬ್ಬಿಣದ ಅಂಚಿಗೆ ತಿಕ್ಕಿ ತೂತಾಗಿ, ಒಳಗಿನ ತಾಮ್ರ ಕಬ್ಬಿಣಕ್ಕೆ ತಗಲಿ, ಅಲ್ಲೆಲ್ಲ ಕರಕಲು. ಅಲ್ಲಿಗೆ ಬೆರಳಿಟ್ಟು ತೋರಿಸಿದೆ. ಟಾರ್ಚಿನ ಬೆಳಕು ಸ್ವಲ್ಪ ಹೊತ್ತು ಅಲ್ಲೇ ನಿಂತಿತು.

"ಹೂಂ," ಅಂದರು ಅಪ್ಪ.

ಅವರೇ ಆ ಸರವನ್ನು ಬಿಡಿಸಿದರು. ಸುಲಿದ ವೈರಿಗೆ ಮತ್ತೆ ಏನು ಸುತ್ತಲಿ ಅಂತ ನನ್ನನ್ನೇ ಕೇಳಿದರು, ನನ್ನನ್ನೇ. ಡ್ಯಾಶ್‌ಬೋರ್ಡಿನ ಗೂಡಿನಲ್ಲಿದ್ದ ಕಪ್ಪು ಟೇಪು ಕೊಟ್ಟೆ. ಇನ್ನು ಬೇಕಾದದ್ದು ಒಂದು ನೀಲಿ ಫ್ಯೂಸ್. ಮುಚ್ಚಳದ ಮೇಲಿನ ನನ್ನ ಅಕ್ಷರಗಳನ್ನು ಮೇಲಿಂದ ಕೆಳಗೆ ಓದಿದೆ. ನೀಲಿಯಲ್ಲಿ ಇನ್ನೊಂದಿತ್ತು.

"ಅಮ್ಮ, ಮಳೆ ಬರುತ್ತಾ ಇವತ್ತು?"

"ನವೆಂಬರ್‌ನಲ್ಲಿ ಎಂಥ ಮಳೆ?"

"ಒರೆಸೋದು" ಕಿತ್ತು "ಉಸಿರು" ಜಾಗಕ್ಕೆ ಒತ್ತಿದೆ. ಟಕ್ ಅಂತ ಕೂತಿತು. ಅಮ್ಮ ಡ್ಯಾಶ್‌ಬೋರ್ಡಿನ ಮೇಲಿನ ದೇವರ ಪಟಕ್ಕೆ ಒಮ್ಮೆ ಕೈಮುಗಿದು ಕೀ ತಿರುಗಿಸಿದಳು. ಒಂದು ಸಲ ಕೊರಗಿತು. ಎರಡನೆಯ ಸಲಕ್ಕೆ ಹಿಡಿಯಿತು. ಆ ಇಂಜಿನ್ನಿನ ಸದ್ದು ಪೆಡಲುಗಳ ಹತ್ತಿರ ತಲೆಯಿಟ್ಟು ಕೇಳಿದವಳು ನಾನೊಬ್ಬಳೇ. ಆಮೇಲೆ ಪರೀಕ್ಷೆಗಳಲ್ಲಿ ಬೇಕಾದಷ್ಟು ನಂಬರು ತೆಗೆದೆ, ಕೆಲಸ ಸಿಕ್ಕಿತು, ಏನೇನೋ ಆಯಿತು. ಆ ಖುಷಿ ಮಾತ್ರ ಇನ್ನೊಂದು ಸಲ ಆಗಲಿಲ್ಲ.

ಎಂಟಕ್ಕೆ ಐದು ನಿಮಿಷ ಇದೆ ಅನ್ನುವಾಗ ಲೋಧಿ ಕಾಲೋನಿಯ ಮರಗಳ ಬೀದಿಗೆ ತಿರುಗಿದೆವು. ಅಮ್ಮ "ಕೂಗೋದು" ಉದ್ದಕ್ಕೆ ಒತ್ತಿದಳು. ಬಾವುಟ ಕಟ್ಟುತ್ತಿದ್ದವರೆಲ್ಲ ಕೆಲಸ ಬಿಟ್ಟು ಡಬ್ಬ ಇಳಿಸಲು ಓಡಿ ಬಂದರು. ಇಡ್ಲಿ ಇನ್ನೂ ಹಬೆಯಾಡುತ್ತಿತ್ತು. ಅಪ್ಪ ಸಾಂಬಾರ್ ಬಡಿಸುತ್ತ, ಎಲೆಯಿಂದ ಎಲೆಗೆ ಒಂದೇ ಮಾತು ಹೇಳುತ್ತ ಹೋದರು. "ದಾರೀಲಿ ಗಾಡಿ ನಿಂತಿತ್ತು, ನಮ್ಮ ಮಗಳು ರಿಪೇರಿ ಮಾಡಿದಳು." ಯಾರು ನಿಲ್ಲಿಸಿದ್ದು ಅಂತ ಮಾತ್ರ ಹೇಳಲಿಲ್ಲ. ನಾನೂ ಬಿಟ್ಟುಕೊಡಲಿಲ್ಲ. ಅಮ್ಮ ಬಿಟ್ಟುಕೊಟ್ಟಳು.

ಸೋಮವಾರ ಬೆಳಿಗ್ಗೆ ಗಿರಾಕಿಯ ಫೋನು ಬಂತು. ಅಪ್ಪ ಟೀ ಲೋಟ ಕೆಳಗಿಟ್ಟು, "ಬಿಕಾವೂ ನಹೀಂ ಹೈ," ಮಾರಾಟಕ್ಕಿಲ್ಲ, ಅಂತ ಫೋನು ಇಟ್ಟುಬಿಟ್ಟರು. ಅಮ್ಮ ರುಬ್ಬುತ್ತಿದ್ದ ಗ್ರೈಂಡರನ್ನು ನಿಲ್ಲಿಸಿ, ಮತ್ತೆ ಹಾಕಿದಳು. ರಜೆ ಮುಗಿಸಿ ಹೋಗುವ ಮೊದಲು ಅಪ್ಪ ಎರಡು ಗೂಡಿಗೂ ನೀಲಿ ಫ್ಯೂಸ್ ತಂದು ಸಿಕ್ಕಿಸಿದರು, ನನಗೊಂದು ಸಣ್ಣ ಟಾರ್ಚ್ ಕೊಟ್ಟರು. ಆಮೇಲೆ ಫೋನಿನಲ್ಲಿ ಅಮ್ಮನ ಯೋಗಕ್ಷೇಮ ಕೇಳಿದ ಮೇಲೆ ನನ್ನ ಹತ್ತಿರ, "ಉಸಿರು ಹೇಗಿದೆ?" ಅಂತ ಕೇಳುವುದು ರೂಢಿಯಾಯಿತು.

ಈಗ ನಾನು ಗ್ರೇಟರ್ ನೋಯ್ಡಾದಲ್ಲಿ ಕೆಲಸ ಮಾಡುತ್ತೇನೆ. ದಿನಾ ಕಾರಿನಲ್ಲಿ ಒಬ್ಬಳೇ ಹೋಗಿ ಒಬ್ಬಳೇ ಬರುತ್ತೇನೆ. ಏನಾದರೂ ಕೆಟ್ಟರೆ ಕಾರು ತಾನೇ ಪರದೆಯ ಮೇಲೆ ಬರೆಯುತ್ತೆ, ಸರ್ವೀಸಿನವರಿಗೆ ಕೊಡಿ ಅನ್ನುತ್ತೆ. ಅದರ ಫ್ಯೂಸ್ ಎಲ್ಲಿದೆ ಅಂತ ನಾನು ನೋಡಿಲ್ಲ, ಹೇಳಲು ನಾಚಿಕೆ. ಇಡ್ಲಿ ಹಿಟ್ಟು ಪ್ಯಾಕೆಟ್ಟಿನಲ್ಲಿ ಬರುತ್ತೆ, ಅಮ್ಮ ಹಿಟ್ಟು ಮಾರುವುದು ನಿಲ್ಲಿಸಿದಳು. ಉಸ್ತಾದನ ಗ್ಯಾರೇಜಿನ ಜಾಗದಲ್ಲಿ ಮೊಬೈಲ್ ಅಂಗಡಿ. ಗಾಡಿಗೂ ವಯಸ್ಸಾಯಿತು. ದಿಲ್ಲಿಯ ಕಾಯಿದೆ, ವಯಸ್ಸಾದ ಗಾಡಿ ರಸ್ತೆಗೆ ಇಳಿಯುವಂತಿಲ್ಲ. ಗುಜರಿಯವರು ಎಳೆದುಕೊಂಡು ಹೋಗಲು ಬಂದ ದಿನ ನಾವು ಮೂವರೂ ಕೊನೆಯ ಸಲ ಆ ಸೀಟಿನಲ್ಲಿ ಒತ್ತಿಕೊಂಡು ಕೂತೆವು. ಈಗ ನಾನು ನಡುವೆ ಹಿಡಿಸಲಿಲ್ಲ. ಅಪ್ಪ, ರಿಟೈರಾಗಿ ಮೊಣಕಾಲು ನೋವಿದ್ದರೂ, ಬಗ್ಗಿ ಆ ಕಪ್ಪು ಮುಚ್ಚಳ ಬಿಚ್ಚಿ ಜೇಬಿಗೆ ಹಾಕಿಕೊಂಡರು.

ಅದು ಈಗ ಇಂದಿರಾಪುರಂನ ಮನೆಯ ದೇವರ ಗೂಡಿನಲ್ಲಿದೆ. ಅಮ್ಮನ ನಾರಿನ ಜೋರು ಇನ್ನೂ ಇಳಿದಿಲ್ಲ. ಆಯುಧಪೂಜೆ ಬಂದರೆ ಮಿಕ್ಸಿ, ಕತ್ತರಿ, ನನ್ನ ಲ್ಯಾಪ್‌ಟಾಪಿನ ಮುಚ್ಚಳ ಎಲ್ಲ ತಿಕ್ಕಿ ಹೊಳೆಸುತ್ತಾಳೆ. ಆ ಮುಚ್ಚಳದ ಸರದಿ ಬಂದಾಗ ಮಾತ್ರ ನಾರನ್ನು ಕೆಳಗಿಟ್ಟು, ಕೈ ಒರೆಸಿಕೊಂಡು, ನನ್ನ ಅಕ್ಷರ ಒಂದೂ ಮುಚ್ಚಿಹೋಗದ ಹಾಗೆ ಮೂಲೆಯಲ್ಲಿ ಒಂದು ಚುಕ್ಕೆ ಕುಂಕುಮ ಇಡುತ್ತಾಳೆ.