ಎಮ್ಮೆಯ ಬಾಯಿಗೆ ಹಾಕಿದ ಕೈ

೧೯೬೨ರ ಚಳಿಗಾಲದಲ್ಲಿ ನಾನು ಕೊಲ್ಹಾಪುರದ ಅಂಚಿನಲ್ಲಿದ್ದ ಒಂದು ಖಾಸಗಿ ಗಾಡಿತಳದ ಮ್ಯಾನೇಜರ್ ಆಗಿದ್ದೆ. ಗಾಡಿತಳ ಅಂದರೆ ಏನೆಂದು ಈಗಿನವರಿಗೆ ಬಿಡಿಸಿ ಹೇಳಬೇಕು. ಬೆಲ್ಲ, ಅರಿಷಿಣ, ಮೆಣಸಿನಕಾಯಿ ಹೇರಿಕೊಂಡು ಪೇಟೆಗೆ ಬಂದ ಚಕ್ಕಡಿಗಳು ಕೊಳ್ಳ ಹರಿದು, ಅಂದರೆ ನೊಗದಿಂದ ಎತ್ತು ಬಿಚ್ಚಿ, ಅವಕ್ಕೆ ಮೇವು ನೀರು ಮಾಡಿಸಿ, ಎರಡು ದಿನವೋ ನಾಲ್ಕು ದಿನವೋ ತಂಗುವ ಬಯಲು ಅದು. ಚಕ್ಕಡಿಯವನಿಗೆ ಚಕ್ಕಡಿಯೇ ಮನೆ. ತಟ್ಟಿನ ಕಮಾನಿನ ಕೆಳಗೆ ಹಾಸಿಗೆ, ಗಾಲಿಯ ಮಗ್ಗುಲಲ್ಲಿ ಮೂರು ಕಲ್ಲಿನ ಒಲೆ, ಮುಂದಿನ ಮೂಕಿಮರಕ್ಕೆ ಕಟ್ಟಿದ ರೊಟ್ಟಿ ಗಂಟು. ನಾವು ಕೊಡುತ್ತಿದ್ದದ್ದು ಜಾಗ, ಬಾವಿಯ ನೀರು, ದನ ಕುಡಿಯುವ ಕಲ್ಲಿನ ದೋಣಿ, ಬೇವಿನ ಮರದ ನೆರಳು, ಕಳ್ಳರ ಭಯವಿಲ್ಲದ ಒಂದು ಗೇಟು. ಎತ್ತಿಗೆ ಲಾಳ ಕಟ್ಟುವವನೊಬ್ಬ, ಗಾಲಿಗೆ ಹಳಿ ಏರಿಸುವ ಕಂಬಾರನೊಬ್ಬ ಒಳಗೇ ಇದ್ದರು.

ಆ ಹೊತ್ತಿಗಾಗಲೇ ನಮ್ಮ ಧಂದೆಯ ಬೆನ್ನು ಬಾಗಲು ಶುರುವಾಗಿತ್ತು. ಡಾಂಬರು ಹಾಸಿದಲ್ಲೆಲ್ಲ ಟ್ರಕ್ಕು ಬಂತು. ಚಕ್ಕಡಿ ಎರಡು ದಿನ ನಡೆದು ತರುವ ಬೆಲ್ಲದ ಪೆಂಟಿಗಳನ್ನು ಟ್ರಕ್ಕು ಮುಂಜಾನೆ ಹೇರಿ ಮಧ್ಯಾಹ್ನಕ್ಕೆ ಇಳಿಸುತ್ತಿತ್ತು. ಅದಕ್ಕೆ ದೋಣಿ ಬೇಡ, ಮೇವು ಬೇಡ, ಲಾಳ ಬೇಡ. ನಮ್ಮ ಎದುರಿಗಿದ್ದ ಇನ್ನೊಂದು ತಳ ಮುಚ್ಚಿ ಕಟ್ಟಿಗೆ ಅಡ್ಡೆಯಾಗಿತ್ತು. ನಮ್ಮ ಯಜಮಾನರು ಶಿವಲಿಂಗಪ್ಪ ಸಾವಕಾರರು. ಮುಂಜಾನೆ ವಿಭೂತಿ ಹಚ್ಚಿಕೊಂಡು ಗೇಟಿಗೆ ಬಂದು ನಿಂತು ಚಕ್ಕಡಿಗಳನ್ನು ಕಣ್ಣಲ್ಲೇ ಎಣಿಸಿ ಒಳಗೆ ಹೋಗುತ್ತಿದ್ದರು. ಆ ಎಣಿಕೆ ನನಗೆ ಬೈಗಳಿಗಿಂತ ಹೆಚ್ಚು ಚುಚ್ಚುತ್ತಿತ್ತು.

ತಳದ ಒಂದು ಮೂಲೆಯಲ್ಲಿ ಶಾಂತವ್ವ ಎಂಬ ಹೆಣ್ಣುಮಗಳು ಎರಡು ಎಮ್ಮೆ ಕಟ್ಟಿದ್ದಳು. ಕೊಲ್ಹಾಪುರದವರಿಗೆ ಒಂದು ರೂಢಿಯುಂಟು: ಎಮ್ಮೆಯನ್ನು ಕಣ್ಣೆದುರು ಹಿಂಡಿಸಿ, ಕಾಯಿಸದೆ, ಬೆಚ್ಚಗಿರುವಾಗಲೇ ನೊರೆ ಹಾಲು ಕುಡಿಯುವುದು. ಪಕ್ಕದ ತಾಲೀಮಿನ ಪೈಲ್ವಾನರು ಸಂಜೆ ಮುಂದೆ ಶಾಂತವ್ವನ ಹತ್ತಿರ ಸಾಲು ಹಚ್ಚುತ್ತಿದ್ದರು. ಚಕ್ಕಡಿಯವರೂ ಅದರ ರುಚಿ ಹತ್ತಿಸಿಕೊಂಡಿದ್ದರು.

ಅಂದು ಸೋಮವಾರ, ಮಧ್ಯಾಹ್ನದ ಹೊತ್ತು. ಶಾಂತವ್ವನ ದೊಡ್ಡ ಎಮ್ಮೆ ಬಾಯಿಂದ ಹಗ್ಗದಂತೆ ಜೊಲ್ಲು ಸುರಿಸುತ್ತ ನಿಂತಿತ್ತು. ನೇಸರಿ ಊರಿನ ಚಕ್ಕಡಿಯ ಕಲ್ಲಪ್ಪ ಕಾಕಾ ಹೊರಡಲು ಎತ್ತು ಹೂಡುತ್ತಿದ್ದವರು ಬಿಟ್ಟು ಬಂದರು. ಐವತ್ತು ದಾಟಿದ ಗಟ್ಟಿ ಆಳು. ದನದ ಕಾಯಿಲೆಗೆ ಅವರದು ಒಳ್ಳೆಯ ಕೈಗುಣ ಎಂದು ತಳದಲ್ಲೆಲ್ಲ ಹೆಸರು.

"ಮುಂಜಾನಿಂದ ಏನೂ ತಿಂದಿಲ್ರಿ ಕಾಕಾ," ಎಂದಳು ಶಾಂತವ್ವ. "ನುಂಗಾಕ ಆಗವಲ್ತು."

"ಮೇವ ಏನ ಹಾಕಿದ್ದಿ?"

"ಕಬ್ಬಿನ ವಾಡಿ ಹಾಕಿದ್ನಿರಿ. ಅದ್ರಾಗ ತುಂಡೂ ಇದ್ದುವು."

"ಮತ್ತಿನ್ನೇನ! ಗಂಟಲದಾಗ ತುಂಡ ಸಿಕ್ಕೇತಿ. ಮ್ಯಾನೇಜರ್ರ, ಬರ್ರಿ, ದವಡಿ ಹಿಡೀರಿ. ಕನ್ಯಾ ನೋಡಾಕ ಬಂದೋರಗತೆ ದೂರ ನಿಂತ್ರ ಹ್ಯಾಂಗ?"

ಕಬ್ಬಿನ ಸೀಮೆಯಲ್ಲಿ ಇದು ನಿತ್ಯದ ಮಾತು. ಹಂಗಾಮು ಬಂದರೆ ದನಕ್ಕೆ ವಾಡಿಯೇ, ಕಬ್ಬಿನ ತುದಿಯ ಹಸಿರು ಎಲೆಯೇ, ಮೇವು, ಜೊಲ್ಲು ಸುರಿಸಿದರೆ ತುಂಡು ಸಿಕ್ಕಿದೆ ಎಂದೇ ಲೆಕ್ಕ. ಬೇರೆ ಯೋಚನೆ ಯಾರಿಗೂ ಹೊಳೆಯುವುದಿಲ್ಲ. ನಾನು ದವಡೆ ಹಿಡಿದೆ. ಕಲ್ಲಪ್ಪ ಕಾಕಾ ಮೊಣಕೈವರೆಗೆ ಕೈ ಇಳಿಸಿದರು. ಕಬ್ಬಿನ ಎಲೆಯ ಗೀರುಗಳಿಂದ ಕೆಂಪಾಗಿದ್ದ ಕೈ ಅದು. ಎಮ್ಮೆ ಒಮ್ಮೆ ಕೊಸರಿ ಹಲ್ಲು ತಾಗಿಸಿತು. ಜೊಲ್ಲು ನನ್ನ ಕೈಮೇಲೂ ಇಳಿಯಿತು. ಅಂದು ಮುಂಜಾನೆಯಷ್ಟೇ ಗೇಟಿನ ತಗಡು ಬಡಿದು ಕೂಡಿಸುವಾಗ ನನ್ನ ಹೆಬ್ಬೆರಳು ಕೊಯ್ದುಕೊಂಡಿತ್ತು.

"ಏನೂ ಇಲ್ಲಲ್ಲ," ಎಂದು ಕಾಕಾ ಕೈ ತೆಗೆದು ದೋಣಿಯಲ್ಲಿ ತೊಳೆದುಕೊಂಡರು. ಇಚಲಕರಂಜಿಗೆ ಮುಟ್ಟಿಸಬೇಕಾದ ನೂಲಿನ ಗಂಟುಗಳು ಚಕ್ಕಡಿಯಲ್ಲಿದ್ದವು. ಎತ್ತಿನ ಬಾಲ ಮುಟ್ಟಿ ಹೊರಟೇಬಿಟ್ಟರು.

ಮರುದಿನ ಎಮ್ಮೆಯ ದನಿ ಒಡೆಯಿತು. ಕೂಗಿದರೆ ಒಡಕು ತಗಡು ಎಳೆದಂತೆ. ಗೂಟಕ್ಕೆ ತಲೆ ಗುದ್ದತೊಡಗಿತು. ದನದ ಡಾಕ್ಟರ್ ದೇಸಾಯಿ ಅವರನ್ನು ಕರೆಸಿದೆ. ಅವರು ಹತ್ತು ಹೆಜ್ಜೆ ದೂರವೇ ನಿಂತು ಬಹಳ ಹೊತ್ತು ನೋಡಿದರು. ಆಮೇಲೆ ಶಾಂತವ್ವನನ್ನು ಕೇಳಿದರು, "ಶಾಂತವ್ವಾ, ಈ ಎಮ್ಮಿಗೆ ನಾಯಿ ಕಡದಿತ್ತೇನು?"

"ದಸರಾ ಮುಂದ ಒಂದ ನಾಯಿ ಹಿಂಗಾಲಿಗೆ ಬಾಯಿ ಹಾಕಿತ್ರಿ. ಸುಣ್ಣಾ ಅರಿಷಿಣಾ ಹಚ್ಚಿದ್ದೆ. ಮಾಯ್ದಿತ್ತಲ್ರಿ!"

ಡಾಕ್ಟರು ನನ್ನನ್ನು ಬದಿಗೆ ಕರೆದರು. ಇದು ರೇಬೀಸ್, ಹುಚ್ಚುನಾಯಿಯ ರೋಗ, ಎಂದರು. ಅದರ ವಿಷ ಜೊಲ್ಲಿನಲ್ಲಿರುತ್ತದೆ. ಗಾಯಕ್ಕೆ ತಾಗಿದರೆ ನರ ಹಿಡಿದು ನಿಧಾನವಾಗಿ ತಲೆಗೆ ಏರುತ್ತದೆ. ಏರುವುದಕ್ಕೆ ವಾರಗಳಾಗಬಹುದು, ತಿಂಗಳುಗಳಾಗಬಹುದು. ಏರಿದ ಮೇಲೆ ಔಷಧವಿಲ್ಲ, ಸಾವೊಂದೇ. ಏರುವ ಮುಂಚೆ ಹೊಟ್ಟೆಯ ಮೇಲೆ ದಿನಕ್ಕೊಂದರಂತೆ ಹದಿನಾಲ್ಕು ಸೂಜಿ ಮಾಡಿಸಿಕೊಂಡರೆ ಬದುಕುವ ದಾರಿ ಉಂಟು.

"ಬಾಯಾಗ ಕೈ ಹಾಕಿದವ್ರು ಯಾರು?"

"ನೇಸರಿ ಕಲ್ಲಪ್ಪ," ಎಂದೆ.

"ಮತ್ತ ಯಾರು?"

"ಮತ್ತ ಯಾರೂ ಇಲ್ರಿ."

ಹೀಗೆ ಹೇಳುವಾಗ ನಾನು ಹೆಬ್ಬೆರಳನ್ನು ಮುಷ್ಟಿಯೊಳಗೆ ಮುಚ್ಚಿಕೊಂಡಿದ್ದೆ. ಸಾವಿನ ಭಯಕ್ಕಿಂತ ಸೂಜಿಯ ಭಯ ಹತ್ತಿರದಲ್ಲಿತ್ತು. ಹೊಟ್ಟೆಯ ಚರ್ಮ ಚಿವುಟಿ ಎತ್ತಿ ಚುಚ್ಚುತ್ತಾರೆ, ನಿಂಬೆಹಣ್ಣಿನ ಹಾಗೆ ಗಂಟು ಕಟ್ಟುತ್ತದೆ, ಕೆಲವರಿಗೆ ಕಾಲೇ ಬಿದ್ದುಹೋಗುತ್ತದೆ ಎಂದು ಚಿಕ್ಕಂದಿನಿಂದ ಕೇಳಿದ್ದೆ.

ಸಾವಕಾರರಿಗೆ ಸುದ್ದಿ ಹೇಳಿದೆ. ಅವರು ಗಾದಿಯ ಮೇಲೆ ಕುಸಿದು ಕುಳಿತರು. "ಹುಚ್ಚಿನ ತಳ ಅಂತ ಒಮ್ಮೆ ಹೆಸರ ಬಿದ್ರ ಒಂದ ಚಕ್ಕಡಿನೂ ಒಳಗ ಬರೂದಿಲ್ಲೋ ತಮ್ಮಾ. ಡಾಕ್ಟರ ಪೂರಾ ಖಾತ್ರಿ ಹೇಳಿಲ್ಲ ಹೌದಲ್ಲೊ? ಎರಡ ದಿನಾ ನೋಡೋಣು. ಅಲ್ಲಿತನಕಾ ತುಟಿ ಬಿಚ್ಚಬ್ಯಾಡ."

ಡಾಕ್ಟರು ಕಾಯಬೇಡಿ ಎಂದೇ ಹೇಳಿದ್ದರು. ಆದರೂ ನಾನು ತಲೆಯಾಡಿಸಿದೆ. ಯಜಮಾನರ ಮಾತು ಮೀರಬಾರದು ಎಂದಲ್ಲ. ಸುದ್ದಿ ಹೊರಬಿದ್ದರೆ ನನ್ನ ಕೈಯೂ ಹೊರಬೀಳುತ್ತದೆ ಎಂದು. ಅಂದು ರಾತ್ರಿಯಿಡೀ ಕಲ್ಲಪ್ಪ ಕಾಕಾ ಬಸ್ಸಿನಲ್ಲಿ ಒಂದು ತಾಸಿನ ದಾರಿಯ ಇಚಲಕರಂಜಿಯಲ್ಲಿ, ಮಗಳ ಮನೆಯಲ್ಲಿದ್ದರು. ನಾನು ಹೋಗಲಿಲ್ಲ.

ಗುರುವಾರ ಬೆಳಗಾಗುವಷ್ಟರಲ್ಲಿ ಎಮ್ಮೆ ಸತ್ತಿತು. ಶಾಂತವ್ವ ಎದೆ ಬಡಿದುಕೊಂಡು ಅತ್ತಳು. ಈಗ ಮುಚ್ಚಿಡುವಂಥದ್ದೇನೂ ಉಳಿಯಲಿಲ್ಲ. ಹಸಿ ಹಾಲು ಕುಡಿದವರೆಲ್ಲ ಸರಕಾರಿ ಆಸ್ಪತ್ರೆಗೆ ಹೋಗಿ ತೋರಿಸಿಕೊಳ್ಳಲಿ ಎಂದು ದೇಸಾಯಿ ಡಾಕ್ಟರು ಹೇಳಿ ಕಳಿಸಿದರು. ಪೈಲ್ವಾನರ ಸಾಲು ಶಾಂತವ್ವನ ಮೂಲೆಯಿಂದ ಆಸ್ಪತ್ರೆಯ ಪಡಸಾಲೆಗೆ ಹೋಯಿತು. ಅಲ್ಲಿಯ ಡಾಕ್ಟರು ಬಾಯಲ್ಲಿ ಹುಣ್ಣಿದ್ದವರಿಗಷ್ಟೇ ಸೂಜಿ ಎಂದದ್ದೇ ತಡ, ಎದುರಾಳಿಯನ್ನು ಎತ್ತಿ ಒಗೆಯುವ ಆ ಗಂಡಸರೆಲ್ಲ ಹಲ್ಲು ಕಿಸಿದು ತಮ್ಮ ಬಾಯಿ ತೋರಿಸಿದ್ದೇ ತೋರಿಸಿದ್ದು. ನಗಬೇಕಾದ ನೋಟ. ನನಗೆ ನಗು ಬರಲಿಲ್ಲ. ಮಧ್ಯಾಹ್ನದೊಳಗೆ ತಳದ ಅರ್ಧ ಚಕ್ಕಡಿಗಳು ಕೊಳ್ಳ ಕಟ್ಟಿಕೊಂಡು ಹೋದವು.

ನಾನು ಇಚಲಕರಂಜಿಯ ಬಸ್ಸು ಹಿಡಿದೆ. ಕಲ್ಲಪ್ಪ ಕಾಕಾನ ಮಗಳು ಸಿದ್ದವ್ವ ಆ ಊರಿನದೇ ಶಹಾಪುರ ಪೇಟೆಯಲ್ಲಿ ಮಗ್ಗದ ಶೆಡ್ಡಿಗೆ ಹೊಂದಿದ ಖೋಲಿಯಲ್ಲಿದ್ದಳು. ಪಾವರ್‌ಲೂಮುಗಳ ಖಟಖಟ ಸದ್ದಿನಲ್ಲಿ ಒದರಿಯೇ ಮಾತಾಡಬೇಕು.

"ಅಪ್ಪಾ ನಿನ್ನೆ ಮುಂಜಾನೇನ ಹೋದ್ನರಿ ಅಣ್ಣಾರ!" ಎಂದಳು. "ಯಾಕ? ಏನಾರ ಆಗೇತೇನ್ರಿ?"

"ಏನಿಲ್ಲವ್ವಾ. ತಳದ ಒಂದ ಕಾಗದಕ್ಕ ಸಹಿ ಬೇಕಾಗಿತ್ತ."

"ಸಹಿ ಹಾಕಾಕ ಕೈ ಸುದ್ದ ಇಲ್ಲರಿ ಅವಂದು. ಗೀರ ಭಾಳ ಉರೀತಾವು ಅಂದಾ. ನಾನ ಅರಿಷಿಣಾ ಹಚ್ಚಿ ಕಟ್ಟೇನಿ. ಕೂಸಿಗೆ ತುತ್ತ ಮಾಡಿ ಹಾಕಾಕನೂ ಬರವಲ್ತು ಅಂತ ಮರಗಾಕತ್ತಿದ್ದ."

ಗೀರು ಉರಿಯುವುದು ಬರಿಯ ಗೀರಿನ ಉರಿಯೋ, ಆ ವಿಷದ ಉರಿಯೋ? ನನ್ನ ಹೆಬ್ಬೆರಳೂ ಉರಿಯತೊಡಗಿತು. ಅದು ನಿಜವೋ ಭ್ರಮೆಯೋ ಇಂದಿಗೂ ಹೇಳಲಾರೆ. ಸಿದ್ದವ್ವ ಕೊಟ್ಟ ಚಹ ಹಾಗೆಯೇ ಇಟ್ಟು ಎದ್ದೆ. ಅವಳು ಬಾಗಿಲತನಕ ಬಂದು, "ನಾಳಿ ಶುಕ್ರವಾರ ಊರ ಹಾದ್ಯಾಗ ಗಡಹಿಂಗ್ಲಜದಾಗ ಹೊಳ್ಯಾಗ ಎತ್ತ ತೊಳದ ಮುಂದ ಹೋಗ್ತಾನ್ರಿ. ಅಲ್ಲೇ ಸಿಗ್ತಾನ," ಎಂದಳು.

ಮರುದಿನ ಎಸ್.ಟಿ. ಬಸ್ಸಿನ ಕಿಟಕಿಗೆ ಕುಳಿತು ದಾರಿಯ ಪ್ರತಿ ಚಕ್ಕಡಿಯನ್ನೂ ನೋಡುತ್ತ ಹೋದೆ. ಮೂಕಿಗೆ ಒರಗಿ ಯಾರಾದರೂ ಮಲಗಿದ್ದು ಕಂಡರೆ ಸತ್ತುಬಿದ್ದಿದ್ದಾರೆ ಎಂದೇ ಅನ್ನಿಸುತ್ತಿತ್ತು. ಗಡಹಿಂಗ್ಲಜದಲ್ಲಿ ಇಳಿದು ಹಿರಣ್ಯಕೇಶಿ ಹೊಳೆಯ ದಂಡೆಗೆ ಓಡಿದೆ. ಮೊಣಕಾಲುದ್ದ ನೀರಿನಲ್ಲಿ ನಿಂತು ಕಲ್ಲಪ್ಪ ಕಾಕಾ ಎಡಗೈಯಿಂದ ಎತ್ತು ತಿಕ್ಕುತ್ತಿದ್ದರು. ಬಲಗೈಗೆ ಹಳದಿ ಅರಿವೆ.

"ಅಲೆಲೆ, ಮ್ಯಾನೇಜರ್ರು! ತಳಾ ಮಾರಿ ಎತ್ತ ಕೊಳ್ಳಾಕ ಬಂದ್ರೇನ?"

ನಾನು ಒಂದೇ ಉಸಿರಿಗೆ ಎಲ್ಲ ಹೇಳಿದೆ. ಅವರು ಎತ್ತು ತಿಕ್ಕುವುದನ್ನು ನಿಲ್ಲಿಸಲಿಲ್ಲ.

"ನೂರಾರು ದನದ ಬಾಯಾಗ ಕೈ ಹಾಕೇನಿ. ನನಗೇನ ಆಗೂದಿಲ್ಲ. ಕಬ್ಬ ನಿಂತಾವ, ಹದಿನಾಕ ದಿನಾ ಕೊಲ್ಹಾಪುರದಾಗ ಕುಂಡ್ರು ಅಂತೀರಿ. ಊರಾಗ ನಮ್ಮ ಮುದಕ ಬೇರು ಕೊಡತಾನ. ಅಷ್ಟ ಸಾಕು."

"ಬೇರಿನಿಂದ ಇದು ಹೋಗೂದಿಲ್ಲ ಕಾಕಾ. ಡಾಕ್ಟರ್ ಹೇಳ್ಯಾರ."

ಆಗ ಅವರು ನೀರಿನಿಂದ ಎದ್ದು ಬಂದು ನನ್ನ ಮುಂದೆ ನಿಂತರು. "ದವಡಿ ಹಿಡದವ್ರು ನೀವು. ನಿಮಗ ಎಷ್ಟ ಸೂಜಿ ಆದುವು?"

ನಾನು ಹೆಬ್ಬೆರಳನ್ನು ಮತ್ತೆ ಮುಷ್ಟಿಯೊಳಗೆ ಮುಚ್ಚಿಕೊಂಡೆ.

"ಅಂಗಿ ಎತ್ತರಿ, ನೋಡೋಣು."

ಎತ್ತಿದೆ. ಹೊಟ್ಟೆಯ ಮೇಲೆ ಒಂದು ಕಲೆಯೂ ಇರಲಿಲ್ಲ. ಬಟ್ಟೆ ಒಗೆಯುತ್ತಿದ್ದ ಹೆಂಗಸರು ನೋಡಿ ನಕ್ಕರು. ಕಾಕಾ ನಗಲಿಲ್ಲ.

"ನನಗ ಹೆದರಿಕಿ ಆಗ್ಯಾದ ಕಾಕಾ," ಎಂದೆ. "ಡಾಕ್ಟರ ಮುಂದ ನನ್ನ ಹೆಸರ ಹೇಳಲಿಲ್ಲ. ಎಮ್ಮಿ ಸಾಯೂತನಕಾ ನಿಮ್ಮನ್ನೂ ಹುಡುಕ್ಯಾಡಾಕ ಹೊಂಡಲಿಲ್ಲ. ಎರಡ ದಿನಾ ಸುಮ್ಮನ ಕುಂತಿದ್ದೆ. ನೀವ ಬಂದ್ರ ನಾನೂ ತಗೋತೇನಿ. ಒಬ್ಬನ ಹೋಗಾಕ ನನಗ ಆಗವಲ್ತು."

ಬೈಯುತ್ತಾರೆ, ಬಾರುಕೋಲು ಎತ್ತುತ್ತಾರೆ ಎಂದುಕೊಂಡೆ. ಎತ್ತಿದ್ದರೂ ತಪ್ಪಿರಲಿಲ್ಲ.

"ಹಂಗಾದ್ರ ನನ್ನ ಕರ್ಯಾಕ ಬಂದಿಲ್ಲ ನೀವು. ಜೋಡಿ ಎತ್ತ ಹುಡಕ್ಯಾಡಾಕ ಬಂದೀರಿ," ಎಂದರು ಕಾಕಾ. "ನನಗೂ ನಿನ್ನೆ ನಿದ್ದಿ ಹತ್ತಿಲ್ಲ. ಕೈ ಉರದಾಗ ಒಮ್ಮೆ ಆ ಎಮ್ಮಿ ಕಣ್ಣ ನೆನಪಾತು. ಅದು ತುಂಡ ಸಿಕ್ಕ ದನದ ಕಣ್ಣ ಅಲ್ಲ ಅಂತ ಅವತ್ತ ಗೊತ್ತಾಗಿತ್ತ ನನಗ. ನಾಕ ಮಂದಿ ಮುಂದ ಕೈಗುಣದ ಮರ್ಯಾದಿ ನೋಡಿದೆ. ನಡೀರಿ."

ಎತ್ತು ಚಕ್ಕಡಿಯನ್ನು ಪರಿಚಯದವನೊಬ್ಬನಿಗೆ ಒಪ್ಪಿಸಿ ಹಿಂದಿನಿಂದ ಹೊಡೆದುಕೊಂಡು ಬಾ ಎಂದು ಹೇಳಿ, ನನ್ನ ಜೊತೆ ಬಸ್ಸು ಹತ್ತಿದರು. ಅದೇ ಸಂಜೆ ಆಸ್ಪತ್ರೆಯಲ್ಲಿ ನಾವಿಬ್ಬರೂ ಅಕ್ಕಪಕ್ಕದ ಬೆಂಚಿನ ಮೇಲೆ ಮಲಗಿದೆವು. ಡಾಕ್ಟರು ಇಷ್ಟು ತಡವೇಕೆ ಎಂದು ಕೇಳಿದಾಗ ಕಾಕಾ ಬಾಯಿ ತೆರೆಯುವ ಮುನ್ನ, ಸುದ್ದಿ ಮುಚ್ಚಿಟ್ಟವನು ನಾನೆಂದು ನಾನೇ ಹೇಳಿದೆ. ಕೆಲಸದಲ್ಲಿ ನಾನು ಒಪ್ಪಿಕೊಂಡ ಅತಿ ಕಷ್ಟದ ಮಾತು ಅದು.

ಎರಡು ದಿನದ ಮೇಲೆ ಕಾಕಾನ ಚಕ್ಕಡಿ ತಳದ ಗೇಟಿಗೆ ಬಂದಾಗ ಸಾವಕಾರರು ಅಲ್ಲೇ ನಿಂತಿದ್ದರು. ಒಳಗೆ ಬಿಡುವುದಿಲ್ಲ ಎಂದೇ ನನ್ನ ಅಂಜಿಕೆ. ಅವರು ತಾವೇ ಅಗಳಿ ಸರಿಸಿದರು. "ಬೇವಿನ ಗಿಡದ ಬುಡಕ್ಕ ಹಚ್ಚಸು. ಉಳದವ್ರು ಇರೂದಾದ್ರ ಇರ್ತಾರ, ಹೋಗೂದಾದ್ರ ಹೋಗ್ತಾರ," ಎಂದು ಒಳಗೆ ಹೋದರು. ಆಮೇಲೆ ಸೂಜಿ ಮುಗಿಯುವತನಕ ಅವರ ಮನೆಯಿಂದ ಇಬ್ಬರಿಗೂ ಗಂಜಿ ಬಂತು. ಬೇರೆ ಚಕ್ಕಡಿಯವರು ಮಾತ್ರ ನಮ್ಮ ಸುತ್ತ ಒಂದು ಕಣದಷ್ಟು ಜಾಗ ಬಿಟ್ಟೇ ಕೊಳ್ಳ ಹರಿಯುತ್ತಿದ್ದರು.

ಹದಿನಾಲ್ಕು ದಿನ ಇಬ್ಬರೂ ಹೊಟ್ಟೆ ಹಿಡಿದುಕೊಂಡು ಆಸ್ಪತ್ರೆಗೆ ಹೋಗಿಬಂದೆವು. ಕೊನೆಯ ಸೂಜಿಯ ದಿನ ನಾನು, "ಇನ್ನ ಭಯ ಇಲ್ಲಲ್ರಿ?" ಎಂದು ಡಾಕ್ಟರನ್ನು ಕೇಳಿದೆ. "ತಡಾ ಆಗೇದ. ಕಾದು ನೋಡಬೇಕು," ಎಂದರು. ಈ ರೋಗ ಏರಿದವನಿಗೆ ನೀರು ನುಂಗಲಾಗುವುದಿಲ್ಲ, ನೀರು ಕಂಡರೇ ಗಂಟಲು ಬಿಗಿಯುತ್ತದೆ ಎಂದೂ ತಿಳಿಸಿದರು.

ಅಂದಿನಿಂದ ತಿಂಗಳುಗಟ್ಟಲೆ ನನ್ನ ದಿನ ಶುರುವಾಗುತ್ತಿದ್ದದ್ದು ಒಂದು ತಂಬಿಗೆ ನೀರಿನಿಂದ. ಮೊದಲ ಗುಟುಕು ಇಳಿಯುವವರೆಗೆ ಜೀವ ಕೈಯಲ್ಲಿರುತ್ತಿತ್ತು. ಗಡಹಿಂಗ್ಲಜ ಕಡೆಯ ಚಕ್ಕಡಿ ಬಂದರೆ, ಕಲ್ಲಪ್ಪ ಹೇಗಿದ್ದಾರೆ ಎಂದು ಕೇಳಲು ಹೋಗಿ, ಮೇವಿನ ಮಾತಾಡಿ ತಿರುಗಿ ಬರುತ್ತಿದ್ದೆ. ಕೇಳುವ ಧೈರ್ಯ ಆಗುತ್ತಿರಲಿಲ್ಲ. ನನ್ನ ಆ ಎರಡು ದಿನದ ಮೌನಕ್ಕೆ ಉತ್ತರ ಅವರ ಗಂಟಲಲ್ಲಿತ್ತು.

ಮುಂದಿನ ಹಂಗಾಮಿನ ಮೊದಲ ವಾರ ಗೇಟಿನಲ್ಲಿ ಪರಿಚಿತ ಗೆಜ್ಜೆ ಸದ್ದು. ಕಲ್ಲಪ್ಪ ಕಾಕಾ ಇಳಿದವರು ಎತ್ತಿನ ಕೊಳ್ಳವನ್ನೂ ಹರಿಯದೆ ನೇರ ಬಾವಿಗೆ ಹೋದರು. ಕೊಡ ಸೇದಿ, ಬಾಗಿ, ಬೊಗಸೆ ಒಡ್ಡಿ, ನನ್ನ ಕಡೆ ನೋಡುತ್ತ ನೋಡುತ್ತಲೇ ಗಟಗಟ ಕುಡಿದರು. ಮೀಸೆಯಿಂದ ನೀರು ಇಳಿಯುತ್ತಿತ್ತು.

"ಇಳೀತು ನೋಡ್ರಿ," ಎಂದರು. "ಇನ್ನ ನೀವ ಕುಡೀರಿ. ನಾನೂ ಒಂದ ವರ್ಷ ನಿಮ್ಮ ಹೆಸರ ಯಾರನ್ನೂ ಕೇಳಿಲ್ಲ."

ಅವರೇ ಕೊಡ ಬಗ್ಗಿಸಿದರು. ನಾನೂ ಬಾಗಿ, ಬೊಗಸೆ ಒಡ್ಡಿ, ಅವರ ಕಡೆ ನೋಡುತ್ತಲೇ ಕುಡಿದೆ.

ತಳ ಇನ್ನೂ ಕೆಲವು ವರ್ಷ ನಡೆದು, ಅರವತ್ತರ ದಶಕ ಮುಗಿಯುವ ಮುನ್ನ ಟ್ರಕ್ಕು ನಿಲ್ಲುವ ಬಯಲಾಯಿತು. ಅದನ್ನು ಮುಳುಗಿಸಿದ್ದು ಡಾಂಬರು, ಹುಚ್ಚು ಎಮ್ಮೆಯ ಸುದ್ದಿಯಲ್ಲ. ಬಿಟ್ಟುಹೋದ ಚಕ್ಕಡಿಗಳು ತಿಂಗಳೊಳಗೆ ತಿರುಗಿ ಬಂದಿದ್ದವು. ಆ ಕೆಲಸ ನನಗೆ ಕಲಿಸಿದ್ದನ್ನು ಆಮೇಲೆ ಬೇರೆ ನೌಕರಿಗಳಲ್ಲೂ ಕಾಪಾಡಿಕೊಂಡೆ: ನಿನ್ನ ಅಂಗಳದಲ್ಲಿ ಕೊಳ್ಳ ಹರಿದವನು ಗೇಟು ದಾಟಿದ ಮೇಲೂ ನಿನ್ನವನೇ. ಅವನಿಗೆ ಕೆಟ್ಟ ಸುದ್ದಿ ಮುಟ್ಟಿಸುವುದಿದ್ದರೆ ಅಂದೇ ಹೊರಡು. ಹೋಗುವಾಗ ನಿನ್ನ ಹೆದರಿಕೆಯನ್ನೂ ಜೊತೆಗೆ ಒಯ್ಯು, ಮುಚ್ಚಿಡಬೇಡ.