ದಾರಿ ಟೀಚರ್

ಉತ್ತರ ಸರಿಯಿದ್ದರೂ ಲೆಕ್ಕ ಮಾಡಿದ ಬಗೆ ಬರೆಯದಿದ್ದರೆ ಸೊನ್ನೆ ಸುತ್ತುತ್ತಿದ್ದ ಗಣಿತದ ಟೀಚರಿಗೆ ಮಕ್ಕಳು ಇಟ್ಟ ಹೆಸರು ‘ದಾರಿ ಟೀಚರ್’. “ಉತ್ತರ ಪಕ್ಕದವನದೂ ಆಗಿರಬಹುದು, ನಿನ್ನ ದಾರಿ ತೋರಿಸು” ಅಂತ ಮೂವತ್ತು ವರ್ಷವೂ ಅವರದು ಒಂದೇ ರಾಗ. ನಿವೃತ್ತಿಯಾದ ಮೇಲೂ ಆ ಚಾಳಿ ಹೋಗಲಿಲ್ಲ. ಕೆಂಪು ಪೆನ್ನು ಬ್ಯಾಗಿನಲ್ಲೇ ಉಳಿಯಿತು.

ಊರಿನ ಎರಡು ಶಾಲೆಗಳನ್ನು ತಾವು ಸುಧಾರಿಸಿದ ಬಗ್ಗೆ ಶಿಕ್ಷಣ ಮಂತ್ರಿಗಳು ಪುಸ್ತಕ ಬರೆಸಿದ್ದರು. ಗ್ರಂಥಾಲಯದಲ್ಲಿ ಬಿಡುಗಡೆ ಮುಗಿದು, ಜನ ಮಂತ್ರಿಗಳ ಸಹಿಗೆ ಸಾಲುಗಟ್ಟಿದರು. ಟೀಚರೂ ನಿಂತರು. ಸರದಿ ಬಂದಾಗ ಹನ್ನೆರಡನೇ ಪುಟ ತೆರೆದಿಟ್ಟರು.

“ಒಂದು ಶಾಲೇಲಿ ನೂರಕ್ಕೆ ತೊಂಬತ್ತು ಪಾಸು, ಇನ್ನೊಂದರಲ್ಲಿ ಐವತ್ತು. ಒಟ್ಟು ಊರಿಗೆ ಎಪ್ಪತ್ತು ಅಂತ ಬರ್ದಿದೀರಿ. ದಾರಿ ಎಲ್ಲಿ?”

“ಎರಡನ್ನೂ ಕೂಡಿಸಿ ಅರ್ಧ ಮಾಡಿದ್ರೆ ಎಪ್ಪತ್ತೇ ಅಲ್ವೇನಮ್ಮ?” ಎಂದು ಮಂತ್ರಿಗಳು ನಕ್ಕರು.

“ಮೊದಲನೇ ಶಾಲೇಲಿರೋದು ಹತ್ತೇ ಮಕ್ಕಳು, ಎರಡನೇದರಲ್ಲಿ ನಾನೂರು. ನಾನೂರ ಹತ್ತರಲ್ಲಿ ಪಾಸಾದೋರು ಇನ್ನೂರ ಒಂಬತ್ತು. ಅಂದ್ರೆ ನೂರಕ್ಕೆ ಐವತ್ತೊಂದು.”

ಮಂತ್ರಿಗಳ ನಗು ಅರ್ಧಕ್ಕೇ ನಿಂತಿತು. ಅವಸರದಲ್ಲಿ ಸಹಿ ಹಾಕಲು ಪೆನ್ನೆತ್ತಿದರು. ಟೀಚರು ಪುಸ್ತಕವನ್ನು ತಮ್ಮ ಕಡೆ ಎಳೆದುಕೊಂಡು, ಎಪ್ಪತ್ತರ ಪಕ್ಕದಲ್ಲಿ ಕೆಂಪು ಸೊನ್ನೆ ಸುತ್ತಿ, ಮಂತ್ರಿಗಳ ಕೈಗೇ ಕೊಟ್ಟರು.

“ತಿದ್ದಿ ತನ್ನಿ. ಸಹಿ ನಾನು ಹಾಕ್ತೀನಿ.”