ಸೆರಗಿನಲ್ಲಿ ಬಂದ ಐದು ಕಲ್ಲು

ಮಧ್ಯಾಹ್ನ ಎರಡು ಗಂಟೆ ಹತ್ತು ನಿಮಿಷಕ್ಕೆ ನೀರಿನಲ್ಲಿ ಮೊದಲ ಒಣ ಎಲೆಗಳು ತೇಲಿ ಬಂದವು. ಹೊತ್ತು ಖಚಿತವಾಗಿ ನೆನಪಿದೆ. ಬಿ.ಎ. ಪಾಸಾದದ್ದಕ್ಕೆ ಅಪ್ಪ ಕೊಡಿಸಿದ್ದ ಕೈಗಡಿಯಾರವನ್ನು ಆ ದಿನ ಸುಮ್ಮಸುಮ್ಮನೆ ನೋಡಿಕೊಳ್ಳುತ್ತಿದ್ದೆ. ಎಲೆಗಳನ್ನು ಕಂಡೆ. ಕಂಡೂ ಬಾಯಿ ಬಿಡಲಿಲ್ಲ.

ಎಂಬತ್ತರ ದಶಕದ ಕೊನೆಯ ಮಾತು. ಶೀಗಿ ಹುಣ್ಣಿಮೆ ಕಳೆದ ವಾರ ಬ್ಯಾಡಗಿಯಿಂದ ಮನೆಮಂದಿಯೆಲ್ಲ ಮಟಾಡೋರ್ ಮಾಡಿಕೊಂಡು ಶಿರಸಿಯ ಆಚೆ, ಸರ್ಕಾರ ಕಾಯ್ದಿಟ್ಟ ಕಾಡಿನೊಳಗಿನ ಜಲಪಾತ ನೋಡಲು ಹೋಗಿದ್ದೆವು. ಮೆಣಸಿನಕಾಯಿ ಚೀಲ ಹೊರುವ ಗಾಡಿ, ದಾರಿಯುದ್ದಕ್ಕೂ ಸೀನಿದೆವು. ಓಡಿಸುತ್ತಿದ್ದವರು ನಮ್ಮ ಓಣಿಯ ಚಾಚಾ. "ಸೀನ್ರಿ, ಸೀನ್ರಿ, ಘಾಟು ಪುಕ್ಕಟ ಐತಿ," ಎಂದು ನಗುತ್ತಿದ್ದರು.

ಮೆಟ್ಟಿಲಿಳಿದು ತಿರುವು ದಾಟಿದಾಗ ಜಲಪಾತ ಎದುರಾಯಿತು. ನಮ್ಮ ಕಡೆ ನೀರು ಎಂದರೆ ನೆಲದ ಮೇಲೆ ಮಲಗಿ ಹರಿಯುವುದು. ಇಲ್ಲಿ ಅದು ಎದ್ದು ನಿಂತಿತ್ತು. ಗಿರಣಿಯ ಬಾಯಿಂದ ಜೋಳದ ಹಿಟ್ಟು ಸುರಿದಂತೆ ಕಪ್ಪು ಬಂಡೆಯ ನೆತ್ತಿಯಿಂದ ಸುರಿದು, ಅರ್ಧದಲ್ಲೇ ಹೊಗೆಯಾಗಿ ನಮ್ಮ ರೆಪ್ಪೆಗಳನ್ನು ತೋಯಿಸುತ್ತಿತ್ತು. ಇಂದಿಗೂ ಅಷ್ಟು ಚೆಂದದ್ದನ್ನು ನಾನು ನೋಡಿಲ್ಲ.

ಕಾಡಿನ ಕಾವಲುಗಾರ ಬಂಡೆಯ ಮೇಲಿನ ಸುಣ್ಣದ ಗೆರೆ ತೋರಿಸಿದ. "ಇದರಾಚೆ ಹೋಗ್ಬೇಡಿ ಮಾರಾಯ್ರೆ. ನೀರಲ್ಲಿ ಎಲೆ, ಕಡ್ಡಿ ಕಂಡ ಕೂಡ್ಲೆ ಮೇಲೆ ಬಂದ್ಬಿಡಿ."

ಆದರೆ ನಮ್ಮಲ್ಲಿ ಹೊಳೆದಂಡೆಯಲ್ಲಿ ಬುತ್ತಿ ಬಿಚ್ಚುವ ಮೊದಲು ಗಂಗವ್ವನ ಪೂಜೆಯಾಗಬೇಕು. ಹರಿಯುವ ನೀರಿನಿಂದ ಐದು ಕಲ್ಲು ಆರಿಸಿ, ಅರಿಷಿಣ ಕುಂಕುಮ ಹಚ್ಚಿ, ರೊಟ್ಟಿ ಎಡೆ ಹಿಡಿಯಬೇಕು. ದೊಡ್ಡವ್ವ, ಎಂದರೆ ಅವ್ವನ ಅಕ್ಕ, ಸೀರೆ ಎತ್ತಿ ಕಟ್ಟಿ ಗೆರೆ ದಾಟಿದಳು.

"ದೊಡ್ಡವ್ವಾ, ಅಲ್ಲಿ ಹೋಗಬ್ಯಾಡಂತ!" ಎಂದು ಕೂಗಿದೆ.

"ಐರಣ್ಯಾಗ ಹುಟ್ಟಿದಾಕಿಗೆ ನೀರು ತೋರಸ್ತೀಯೇನ? ನಿನ್ನ ಬುಕ್ಕಿನಾಗ ಹೊಳಿ ಹರೀತಿತ್ತೇನ?"

ಎಲ್ಲರೂ ನಕ್ಕರು. ಎಲೆ ಕಂಡಾಗ ನಾನು ಸುಮ್ಮನಿದ್ದದ್ದು ಆ ನಗುವಿಗೆ ಅಂಜಿ. ದೊಡ್ಡವ್ವನ ತವರಾದ ಐರಣಿಯಲ್ಲಿ ತುಂಗಭದ್ರೆ ಒಂದೊಂದೇ ಮೆಟ್ಟಿಲು ನುಂಗುತ್ತ, ಊರಿಗೆಲ್ಲ ಗೊತ್ತಾಗುವಂತೆ ಏರುತ್ತಾಳೆ. ಇಲ್ಲಿ ತಲೆಯ ಮೇಲೆ ಬಿಸಿಲು. ಮಳೆ ಬಿದ್ದದ್ದು ಗುಡ್ಡದ ಹಿಂದೆ. ಕಾವಲುಗಾರನ ಸೀಟಿ ಕೇಳುವಷ್ಟರಲ್ಲಿ ದೊಡ್ಡವ್ವ ಆರಿಸಿದ ಕಲ್ಲುಗಳ ಸೆರಗು ಹಿಡಿದು ನಡುನೀರಿನ ಬಂಡೆಯ ಮೇಲೆ ಒಬ್ಬಳೇ ಉಳಿದಿದ್ದಳು. ದಾಟಿ ಹೋದ ಕಲ್ಲುಗಳು ಮುಳುಗಿದ್ದವು.

ಅಣ್ಣ ನೀರಿಗಿಳಿಯಲು ಹೋದ. ಕಾವಲುಗಾರ ಅವನ ಕೊರಳಪಟ್ಟಿ ಹಿಡಿದು ಕೆಡವಿದ. ಚಾಚಾ ಬುತ್ತಿಯ ಬುಟ್ಟಿಗೆ ಬಿಗಿದಿದ್ದ ಚೀಲದ ಹಗ್ಗ ಬಿಚ್ಚಿ, ಒಂದು ತುದಿ ಮರಕ್ಕೆ ಸುತ್ತಿ, ಇನ್ನೊಂದಕ್ಕೆ ಎಳೆದರೆ ಬಿಗಿಯದ ಗಂಟಿನ ಕುಣಿಕೆ ಹಾಕಿ ಎಸೆದರು. ಮೊದಲ ಸಲ ಮುಟ್ಟಲಿಲ್ಲ. ಎರಡನೆಯದು ಅವಳ ಕಾಲ ಬಳಿ ಬಿತ್ತು.

"ಅಕ್ಕಾರ, ಸೆರಗು ಬಿಡ್ರಿ! ಹೊಟ್ಟಿಗೆ ಹಾಕ್ಕೋರಿ!"

ಅವಳು ಸೆರಗನ್ನು ಸೊಂಟಕ್ಕೆ ಸಿಕ್ಕಿಸಿ, ಕುಣಿಕೆ ಏರಿಸಿಕೊಂಡಳು. ಎಳೆಯುವಾಗ ಒಮ್ಮೆ ತಲೆ ಕಾಣಲಿಲ್ಲ. ಆ ಗಳಿಗೆಯೇ ನನ್ನೊಳಗೆ ಮತ್ತೆ ಮತ್ತೆ ನಡೆಯುವುದು. ದಂಡೆಗೆ ಬಂದು, ನೀರು ಕಾರಿ, ಸೆರಗು ಬಿಚ್ಚಿ ನೋಡಿದಳು. "ಐದೂ ಅದಾವ," ಎಂದಳು. ಚಾಚಾರ ಅಂಗೈಗಳು ಸುಲಿದು ಹೋಗಿದ್ದವು. ಬ್ಯಾಡಗಿಯವರೆಗೂ ಆ ಕೈಯಲ್ಲೇ ಗಾಡಿ ಓಡಿಸಿದರು. ಒಂದೂ ಚುಚ್ಚುಮಾತು ಆಡಲಿಲ್ಲ.

ಆಮೇಲೆ ನನಗೆ ನಿದ್ದೆಯಿಲ್ಲ. ಕಣ್ಣು ಮುಚ್ಚಿದರೆ ಎಲೆಗಳು. ಪಕ್ಕದ ಹಾಸಿಗೆಯಲ್ಲಿ ದೊಡ್ಡವ್ವನೂ ಎದ್ದು ಕೂರುತ್ತಿದ್ದಳು. ಮೂರು ವಾರ ಕಳೆದ ಮೇಲೆ, ರೊಟ್ಟಿ ಬಡಿಯುತ್ತಿದ್ದವಳ ಎದುರು ಕುಳಿತು ಹೇಳಿದೆ: "ಎಲಿ ನಾ ಕಂಡಿದ್ದೆ. ಹೇಳಲಿಲ್ಲ."

ಅವಳು ರೊಟ್ಟಿಯನ್ನು ಹಂಚಿಗೆ ಹಾಕಿದಳು. "ನಾನೂ ಕಂಡಿದ್ದೆ. ಇನ್ನ ಒಂದ ಕಲ್ಲು ಬೇಕಿತ್ತು."

ಮುಂದಿನ ಸೋಮವಾರ ಚಾಚಾರನ್ನೂ ಕರೆದುಕೊಂಡು ಐರಣಿಗೆ ಹೋದೆವು. ದೊಡ್ಡವ್ವ ಮೇಲಿನ ಮೆಟ್ಟಿಲಿನಲ್ಲೇ ಕುಳಿತು, ನೀರನ್ನು ತಂಬಿಗೆಯಲ್ಲಿ ತರಿಸಿಕೊಂಡು, ಆ ಐದು ಕಲ್ಲುಗಳಿಗೆ ಪೂಜೆ ಮಾಡಿದಳು. ಮೊದಲ ರೊಟ್ಟಿ ಗಂಗವ್ವನಿಗೆ, ಎರಡನೆಯದು ಚಾಚಾರಿಗೆ.

ಮರುದಿನ ನನಗೆ ಎಚ್ಚರವಾದಾಗ ಬಿಸಿಲು ಹೊಸ್ತಿಲು ದಾಟಿತ್ತು. ದೊಡ್ಡವ್ವ ಇನ್ನೂ ಗೊರಕೆ ಹೊಡೆಯುತ್ತಿದ್ದಳು.